ಎಂಟು ಗಂಟೆಯ ಬೇರು

ಸಿಂಧನೂರಿನ ಕಾಲೇಜೊಂದರಲ್ಲಿ ಬಿ.ಎಸ್ಸಿ. ಮೊದಲ ವರ್ಷದವರಿಗೆ ಜೀವಶಾಸ್ತ್ರ ಕಲಿಸುವ ಅತಿಥಿ ಉಪನ್ಯಾಸಕ ನಾನು. ಹೆಸರು ಶರಣಬಸವ, ಊರು ಲಿಂಗಸುಗೂರು. ಅತಿಥಿ ಅಂದಮಾತ್ರಕ್ಕೆ ಯಾರೂ ಮಣೆ ಹಾಕಿ ಕೂರಿಸುವುದಿಲ್ಲ. ದಿನಾ ಬೆಳಿಗ್ಗೆ ಎಂಟರ ಬಸ್ಸು ಹಿಡಿದು, ಮಸ್ಕಿ ದಾಟಿ, ಒಂಬತ್ತೂವರೆಗೆ ಸಿಂಧನೂರಿನಲ್ಲಿ ಇಳಿಯುತ್ತೇನೆ. ಈ ಬಸ್ಸಿನ ಸಮಯಕ್ಕೂ ನನ್ನ ಪಾಠಕ್ಕೂ ಏನು ಸಂಬಂಧ ಎಂದು ತಿಳಿಯಲು ನನಗೆ ಎರಡು ವರ್ಷ ಬೇಕಾಯಿತು. ಓದಿದವರಿಗೆ ಕೆಲವು ವಿಷಯ ತಡವಾಗಿಯೇ ತಲೆಗೆ ಹೋಗುತ್ತವೆ.

ಆ ಎರಡು ವರ್ಷದಲ್ಲಿ ನನಗೊಂದು ಹೆಸರು ಬಂದಿತ್ತು. ಕೋಶ ವಿಭಜನೆಯನ್ನು ಕಣ್ಣಿಗೆ ಕಾಣುವಂತೆ ತೋರಿಸುವ ಸರ್ ಎಂದು. ಎಷ್ಟೋ ಕಡೆ ಮಕ್ಕಳು ಈರುಳ್ಳಿ ಬೇರಿನ ತುದಿಯನ್ನು ಬಣ್ಣದಲ್ಲಿ ಬಿಸಿ ಮಾಡಿ, ಗಾಜಿನ ಮೇಲೆ ಒತ್ತಿ, ಮೈಕ್ರೋಸ್ಕೋಪಿನಲ್ಲಿ ಕಣ್ಣು ನೋಯುವ ತನಕ ಹುಡುಕಿ, ಕಡೆಗೆ ಪುಸ್ತಕದಲ್ಲಿದ್ದ ಚಿತ್ರವನ್ನೇ ರೆಕಾರ್ಡಿಗೆ ಇಳಿಸಿ ಕೈ ತೊಳೆದುಕೊಳ್ಳುತ್ತಾರೆ. ನಮ್ಮ ಪ್ರಯೋಗಾಲಯದಲ್ಲಿ ಹಾಗಲ್ಲ. ಯಾರು ನೋಡಿದರೂ ಒಂದು ಕೋಶ ಎರಡಾಗುವ ಎಲ್ಲ ಹಂತಗಳೂ ಸಿಗುತ್ತಿದ್ದವು. ಪ್ರಿನ್ಸಿಪಾಲರು ಹೊಗಳಿದರು. ನಾನೂ, ಇರಲಿ ಬಿಡಿ ಸರ್ ಎನ್ನುತ್ತಾ ಎದೆ ಉಬ್ಬಿಸಿದೆ. ಸ್ಲೈಡುಗಳ ಪೆಟ್ಟಿಗೆಯ ಮೇಲೆ ‘ತಯಾರಿಸಿದವರು: ಶರಣಬಸವ’ ಎಂದು ಚೀಟಿ ಬರೆದು ಅಂಟಿಸಿದ್ದೂ ಆಯಿತು.

ಪ್ರಯೋಗಾಲಯದ ಅಟೆಂಡರ್ ಜುಬೇದಾಬೀ. ಮೊದಲು ಅವರ ಗಂಡ ರಹಮಾನಸಾಬ ಅದೇ ಕೆಲಸದಲ್ಲಿದ್ದರು. ಅವರು ತೀರಿಕೊಂಡ ಮೇಲೆ ಕೆಲಸ ಇವರಿಗೆ ಬಂತು, ಹತ್ತೊಂಬತ್ತು ವರ್ಷವಾಯಿತು. ನಾನು ಸೇರಿದ ದಿನವೇ ಅವರು ಹೇಳಿದ್ದರು, "ಬೇರಿನ ಚಿಂತಿ ನಂಗಿರ್ಲಿ ಸರ್, ನೀವು ಪಾಠ ಹೇಳ್ರಿ." ಅಟೆಂಡರ್ ಅಂದಮೇಲೆ ಇಷ್ಟಾದರೂ ಮಾಡಬೇಕಲ್ಲ ಎಂದುಕೊಂಡು ನಾನು ಸುಮ್ಮನಾದೆ. ಕಿಟಕಿಯಲ್ಲಿ ಗಾಜಿನ ಲೋಟಗಳ ಮೇಲೆ ಈರುಳ್ಳಿ ಕೂತಿರುತ್ತಿದ್ದವು. ನಾನು ಬರುವಷ್ಟರಲ್ಲಿ ಬೇರು ಕತ್ತರಿಸಿ, ಆಲ್ಕೋಹಾಲ್ ಮತ್ತು ಆಸಿಡ್ ಬೆರೆಸಿದ ದ್ರವದಲ್ಲಿ ನೆನೆಯಲು ಹಾಕಿ ಸಿದ್ಧವಾಗಿರುತ್ತಿತ್ತು. ಆ ದ್ರವಕ್ಕೆ ಬಿದ್ದ ಬೇರು ಆ ಗಳಿಗೆಯಲ್ಲಿ ಹೇಗಿತ್ತೋ ಹಾಗೇ ನಿಂತುಬಿಡುತ್ತದೆ. ಎಷ್ಟು ಹೊತ್ತಿಗೆ ಕತ್ತರಿಸಿದಿರಿ ಎಂದು ನಾನು ಒಂದು ದಿನವೂ ಕೇಳಲಿಲ್ಲ.

ನನಗೆ ಸಿಟ್ಟು ಬರಿಸುತ್ತಿದ್ದದ್ದು ಅವರ ಪಾಠ. ಬೆಂಚುಗಳ ನಡುವೆ ನೀರು, ಬಣ್ಣ ಕೊಡುತ್ತಾ ಓಡಾಡುವಾಗ ಮಕ್ಕಳ ಮೈಕ್ರೋಸ್ಕೋಪಿಗೆ ಕಣ್ಣಿಟ್ಟು, ಕೋಶದೊಳಗಿನ ವರ್ಣತಂತುಗಳನ್ನು ತೋರಿಸುತ್ತಾ ಹೇಳುತ್ತಿದ್ದರು:

"ಇದು ಶಾವಿಗಿ ಗಂಟು, ಇನ್ನಾ ಬಿಡಿಸ್ಕೊಂಡಿಲ್ಲ. ಇಲ್ನೋಡು, ನಡುವ ಸಾಲಿಗೆ ನಿಂತಾವ. ಇದು ಪಾಲಾಗಾಕತ್ತೈತಿ. ಇಕಾ, ನಡುವ ಗ್ವಾಡಿ ಎದ್ದೈತಿ, ಎರಡು ಮನಿ ಆದ್ವು."

ಪ್ರೊಫೇಸ್, ಮೆಟಾಫೇಸ್, ಅನಾಫೇಸ್ ಎಂದು ನಾನು ಗಂಟಲು ಹರಿದುಕೊಂಡು ಇಂಗ್ಲಿಷಿನಲ್ಲಿ ಹೇಳಿದ್ದು ಅಲ್ಲಿಗೆ ಶಾವಿಗೆ ಆಯಿತು. "ಜುಬೇದಾಬೀ, ಮಕ್ಕಳು ಸರಿಯಾದ ಹೆಸರು ಕಲೀಲಿ, ಬಿಡ್ರಿ," ಎಂದೆ ಒಮ್ಮೆ. "ಆತ್ರೀ ಸರ್," ಎಂದರು. ಮರುವಾರ ಹಿಂದಿನ ಬೆಂಚಿನಲ್ಲಿ ಅದೇ ಪಾಠ ಪಿಸುಮಾತಿನಲ್ಲಿ ನಡೆಯುತ್ತಿತ್ತು.

ಆ ಪಿಸುಮಾತಿಗೆ ಎಲ್ಲರಿಗಿಂತ ಹೆಚ್ಚು ಕಿವಿ ಕೊಡುತ್ತಿದ್ದವಳು ಮುಕ್ಕುಂದ ಹಳ್ಳಿಯ ದುರ್ಗಾದೇವಿ. ಹತ್ತನೆಯ ತರಗತಿಯವರೆಗೆ ಕನ್ನಡದಲ್ಲಿ ಓದಿದವಳು. ನನ್ನ ಪಾಠದ ಒಂದಕ್ಷರವೂ ಬಿಡದೆ ಬರೆದುಕೊಳ್ಳುತ್ತಿದ್ದಳು, ಅರ್ಥವಾಗುತ್ತಿದ್ದದ್ದು ಅರ್ಧಕ್ಕಿಂತ ಕಡಿಮೆ. ಕಿರುಪರೀಕ್ಷೆಯಲ್ಲಿ ಇಪ್ಪತ್ತಕ್ಕೆ ನಾಲ್ಕು ಬಂದ ದಿನ ಸ್ಟಾಫ್ ರೂಮಿನ ಬಾಗಿಲಿಗೆ ಬಂದು ನಿಂತಳು.

"ಸರ್, ಥಿಯರಿ ತಲಿಗೆ ಹತ್ತವಲ್ದು ನಂಗ. ಪ್ರಾಕ್ಟಿಕಲ್ ಒಂದು ಬರ್ತೈತ್ರಿ. ಅದರಾಗೂ ಹೋದ್ರ ನಾ ಸೈನ್ಸ್ ಬಿಟ್ಟು ಬಿಡ್ತೀನಿ."

"ಹಂಗೆಲ್ಲ ಹೇಳಬ್ಯಾಡ. ನನ್ನ ಪ್ರಾಕ್ಟಿಕಲ್‌ನಾಗ ಯಾರೂ ಹೋಗಿಲ್ಲ," ಎಂದು ದೊಡ್ಡ ಮನುಷ್ಯನಂತೆ ಹೇಳಿ ಕಳಿಸಿದೆ.

ಪ್ರಾಕ್ಟಿಕಲ್ ಪರೀಕ್ಷೆ ಗುರುವಾರಕ್ಕೆ ನಿಗದಿಯಾಯಿತು. ಅದರ ಹಿಂದಿನ ಶುಕ್ರವಾರ ಜುಬೇದಾಬೀ ರಜೆ ಹಾಕಿ ಮಸ್ಕಿಗೆ ಹೋದರು. ಅಲ್ಲಿ ಅವರ ಮಗಳಿಗೆ ಹೆರಿಗೆಯಾಗಿತ್ತು, ನೋಡಿಕೊಳ್ಳಲು ಅತ್ತೆಯಿಲ್ಲದ ಮನೆ. ಹೋಗುವಾಗ ಏನೋ ಹೇಳಲು ನನ್ನ ಹತ್ತಿರ ಬಂದರು. ನಾನು ಪ್ರಶ್ನೆಪತ್ರಿಕೆ ಟೈಪು ಮಾಡುತ್ತಿದ್ದೆ. "ಆತು, ಆತು, ಹೋಗಿ ಬರ್ರಿ," ಎಂದು ತಲೆಯೆತ್ತದೆ ಹೇಳಿದೆ. ಆ ಮಾತು ನೆನೆದರೆ ಈಗಲೂ ನನ್ನ ಮೇಲೆ ನನಗೇ ಸಿಟ್ಟು ಬರುತ್ತದೆ.

ಶನಿವಾರ ನಾನೇ ಲೋಟಗಳ ಮೇಲೆ ಈರುಳ್ಳಿ ಇಟ್ಟೆ. ಸೋಮವಾರ, ರಾಯಚೂರಿನಿಂದ ಪರೀಕ್ಷಕರು ಬರುತ್ತಾರೆಂದು ಪ್ರಯೋಗಾಲಯ ಸ್ವಚ್ಛ ಮಾಡಿಸಿದೆ. ಬೀರುವಿನ ಕೆಳಗಿನ ಖಾನೆಯಲ್ಲಿ ಚೀಟಿಯಿಲ್ಲದ, ಕೆಂಪು ಮುಚ್ಚಳದ ಒಂದು ಹಳೆಯ ಬಾಟಲಿ ಸಿಕ್ಕಿತು. ಒಳಗೆ ಬಿಳಿ ದಾರದಂಥ ಏನೋ ತೇಲುತ್ತಿತ್ತು. ಮೂಸಿ, ಮುಖ ಸಿಂಡರಿಸಿ, ಎಸೆಯಲು ಹೇಳಿದೆ. ಬುಧವಾರ ಮಧ್ಯಾಹ್ನ ಎರಡಕ್ಕೆ, ಊಟ ಮುಗಿಸಿ ಆರಾಮವಾಗಿ, ಎಲ್ಲ ಈರುಳ್ಳಿಗಳ ಬೇರನ್ನೂ ಕತ್ತರಿಸಿ ದ್ರವಕ್ಕೆ ಹಾಕಿದೆ. ಸರಿಯಿದೆಯೇ ಎಂದು ಒಂದು ಸ್ಲೈಡು ಮಾಡಿ ನೋಡಿದೆ.

ಏನೂ ಇಲ್ಲ. ಕೋಶಗಳೇನೋ ಸಾಲುಸಾಲಾಗಿ ಇದ್ದವು, ಪ್ರತಿಯೊಂದರ ನಡುವೆ ಒಂದು ದುಂಡನೆಯ ಚುಕ್ಕಿ, ಎಲ್ಲವೂ ಊಟವಾದ ಮೇಲೆ ಮಲಗಿದ ಹಾಗೆ. ಎರಡಾಗುತ್ತಿರುವ ಒಂದು ಕೋಶವೂ ಇಲ್ಲ. ಇನ್ನೊಂದು ಸ್ಲೈಡು ಮಾಡಿದೆ, ಮತ್ತೊಂದು ಮಾಡಿದೆ. ಹತ್ತನೆಯದರಲ್ಲೂ ಅದೇ ಚುಕ್ಕಿಗಳು. ನಾಳೆ ನಲವತ್ತೆರಡು ಮಕ್ಕಳು ಇದೇ ಬೇರಿನಲ್ಲಿ ವಿಭಜನೆ ತೋರಿಸಬೇಕು. ತಯಾರಿದ್ದ ಸ್ಲೈಡು ನಡೆಯುವುದಿಲ್ಲ, ಮಗು ಅಲ್ಲೇ ಮಾಡಿ ತೋರಿಸಿದರಷ್ಟೇ ಅಂಕ ಎನ್ನುವ ಪರೀಕ್ಷಕರು ಅವರು. ನನಗೆ ನೆನಪಾದದ್ದು ಬಾಗಿಲಲ್ಲಿ ನಿಂತಿದ್ದ ದುರ್ಗಾದೇವಿಯ ಮುಖ.

ಜುಬೇದಾಬೀಗೆ ಫೋನು ಮಾಡಿದೆ.

"ಎಷ್ಟಕ್ಕ ಕೊಯ್ದ್ರಿ ಸರ್?"

"ಎರಡಕ್ಕ."

"ಮುಂಜಾನಿ ಎಂಟಕ್ಕ ಕೊಯ್ಯಬೇಕ್ರೀ. ಆಗ ಅವು ಎರಡಾಗೋ ಹೊತ್ತು. ಮಧ್ಯಾಹ್ನ ಸುಮ್ನ ಇರ್ತಾವ."

ಎಂಟಕ್ಕೆ ನಾನು ಲಿಂಗಸುಗೂರಿನ ಬಸ್ಸಿನಲ್ಲಿರುತ್ತೇನೆ. ಹಾಗಾದರೆ ಎರಡು ವರ್ಷ? ಹತ್ತಕ್ಕೆ ಕೆಲಸ ಶುರುವಾಗುವ ಹೆಂಗಸು ಪ್ರಾಕ್ಟಿಕಲ್ ಇದ್ದ ದಿನವೆಲ್ಲ ಏಳೂವರೆಗೇ ಬಂದು ಬೀಗ ತೆಗೆದು ಬೇರು ಕತ್ತರಿಸಿದ್ದಾರೆ. ಪುಸ್ತಕದಲ್ಲಿ ಈ ವಿಷಯ ನಾನೂ ಓದಿದ್ದೆ. ಓದಿ, ಪರೀಕ್ಷೆಯಲ್ಲಿ ಬರೆದು, ಮರೆತಿದ್ದೆ.

"ಫಿಕರ್ ಮಾಡಬ್ಯಾಡ್ರಿ ಸರ್. ಹೋಗೋ ಮುಂದ ಎಂಟರ ಬೇರು ಕೊಯ್ದು ಬಾಟ್ಲಿಗಿ ಹಾಕಿ ಇಟ್ಟೀನಿ. ಬೀರುದಾಗ ಕೆಳಗಿನ ಖಾನೆ, ಕೆಂಪು ಮುಚ್ಚಳದ್ದು."

ಸೋಮವಾರ ನಾನು ಎಸೆಯಲು ಹೇಳಿದ್ದು ಅದನ್ನೇ. ಸುಳ್ಳು ಹೇಳೋಣವೆಂದು ಒಂದು ಕ್ಷಣ ಅನ್ನಿಸಿದ್ದು ನಿಜ. "ಅದನ್ನ ಒಗಿಸೀನ್ರೀ," ಎಂದೆ. "ಚೀಟಿ ಇರ್ಲಿಲ್ಲ."

"ಯಾ ಅಲ್ಲಾ!" ಎಂದರು. ಆಮೇಲೆ ಬೈಗುಳ ಬರುತ್ತದೆಂದು ಕಾದೆ. ಬಂದದ್ದು ಬೇರೆ ಮಾತು. "ಸಂಜೀಕ ಊರಿಗೆ ಹೋಗೋ ಮುಂದ ಮಸ್ಕಿಗಿ ಇಳೀರಿ. ಬರ್ತಾ ಆ ಔಷಧದ ನೀರು ಒಂದು ಬಾಟ್ಲಿ ತರ್ರಿ."

ದ್ರವದ ಬಾಟಲಿಯನ್ನು ಟವೆಲಿನಲ್ಲಿ ಸುತ್ತಿ, ತೊಡೆಯ ಮೇಲೆ ಹಿಡಿದುಕೊಂಡು ಮಸ್ಕಿಗೆ ಇಳಿದೆ. ಜುಬೇದಾಬೀ ಮಗಳ ಮನೆ ಬಸ್ ನಿಲ್ದಾಣದಿಂದ ಎರಡು ಓಣಿ ಆಚೆ. ಒಳಗೆ ಕಾಲಿಟ್ಟವನಿಗೆ ಮೊದಲು ಕಂಡದ್ದು ಕಿಟಕಿ. ಅಲ್ಲಿ ಎಂಟು ಸ್ಟೀಲಿನ ಲೋಟ, ಲೋಟದ ಮೇಲೆ ಒಂದೊಂದು ಈರುಳ್ಳಿ. ಒಂದನ್ನು ಎತ್ತಿ ನೋಡಿದೆ. ಬೇರು ಬಿಳಿ ಗಡ್ಡದ ಹಾಗೆ ನೀರಿಗೆ ಇಳಿದಿತ್ತು.

"ಇವು ಯಾಕ್ರೀ ಇಲ್ಲಿ?"

"ಒಂದು ವರ್ಷ ಬಾಟ್ಲಿ ಒಡದು ಪರೀಕ್ಷಾ ದಿನ ಪಜೀತಿ ಆಗಿತ್ತು. ಅವತ್ತಿನಿಂದ ಎರಡು ಕಡೆ ಇಡ್ತೀನ್ರೀ."

ಅವರ ಮಗಳು ಚಹಾ ತಂದುಕೊಟ್ಟು ನಕ್ಕಳು. "ಸರ್, ನನ್ನ ಕೂಸಿಗಿಂತ ಉಳ್ಳಾಗಡ್ಡೀನ ಹೆಚ್ಚು ನೋಡ್ಯಾಳ್ರೀ ನಮ್ಮವ್ವ. ಯಾರಿಗೂ ಲ್ವಾಟ ಮುಟ್ಟಗೊಡವಲ್ಲಳು."

ಸೀರೆ ಕಟ್ಟಿ ಮಾಡಿದ ಜೋಳಿಗೆ ತೊಟ್ಟಿಲಲ್ಲಿ ಮಗು ಮಲಗಿತ್ತು, ಒಂಬತ್ತು ದಿನದ್ದು. ಜುಬೇದಾಬೀ ಅದರ ಅಂಚು ಸರಿಸಿ ತೋರಿಸಿದರು. "ಇದೂ ಮೊದಲು ಒಂದು ಇತ್ತಲ್ರೀ ಸರ್. ಒಂದು ಎರಡಾಗಿ, ಎರಡು ನಾಲ್ಕಾಗಿ... ನೀವೇ ಒಮ್ಮೆ ಕನ್ನಡದಾಗ ಹೇಳೀರಿ ಕ್ಲಾಸಿನ್ಯಾಗ. ನಾ ಬಾಗಲ್ದಾಗ ನಿಂತು ಕೇಳೀನಿ."

ಪಾಠ ಅರ್ಥವಾಗಿದೆ ಎಂದು ಎರಡು ವರ್ಷದಲ್ಲಿ ಯಾರೂ ನನಗೆ ಇಷ್ಟು ಚೆನ್ನಾಗಿ ಹೇಳಿರಲಿಲ್ಲ. "ಎಂಟಕ್ಕ ಬರ್ತಿದ್ರಿ ಅಂತ ಯಾಕ ಹೇಳ್ಲಿಲ್ರೀ ನಂಗ?" ಎಂದು ಕೇಳಿದೆ.

"ನೀವು ಕೇಳ್ಲಿಲ್ಲ," ಎಂದರು. ಚುಚ್ಚಿ ಹೇಳಿದ್ದಲ್ಲ. ಇದ್ದದ್ದನ್ನು ಇದ್ದ ಹಾಗೆ ಹೇಳಿದ್ದು, ಅದಕ್ಕೇ ಹೆಚ್ಚು ನಾಟಿತು.

ಮರುದಿನ ಎಂಟರ ಬಸ್ಸು ಮಸ್ಕಿಗೆ ಬಂದಾಗ ಎಂಟು ನಲವತ್ತೈದು. ಬಾಟಲಿಯನ್ನು ಸೆರಗಿನಲ್ಲಿ ಹಿಡಿದು ಜುಬೇದಾಬೀ ನಿಲ್ದಾಣದಲ್ಲಿ ನಿಂತಿದ್ದರು. ಕಿಟಕಿಯಿಂದ ಕೈ ಚಾಚಿದೆ.

"ಸರಿಯಾಗಿ ಎಂಟಕ್ಕ ಕೊಯ್ದೀನಿ. ಎರಡು ತಾಸು ನೆನೀಲಿ. ಜಗ್ಗಾಡಬ್ಯಾಡ್ರಿ, ತುದಿ ಮುರೀತಾವ. ಆ ಮುಕ್ಕುಂದದ ಹುಡುಗಿಗೆ ಹೇಳ್ರಿ, ಹೆಬ್ಬಟ್ಟಿಲೇ ಮೆಲ್ಲಕ ಒತ್ತಂತ. ಆಕಿ ಜೋರು ಒತ್ತತಾಳ."

ನಾನು ಬಾಯಿ ತೆರೆದೆ. ಹೇಳಬೇಕಾದದ್ದು ಎರಡು ವರ್ಷದ್ದಿತ್ತು, ಎಲ್ಲಿಂದ ಶುರು ಮಾಡಲಿ? ಅಷ್ಟರಲ್ಲಿ ಕಂಡಕ್ಟರ್ ಸೀಟಿ ಊದಿದ, ಬಸ್ಸು ಹೊರಟಿತು. ಸಿಂಧನೂರಿನ ತನಕ ಎರಡೂ ಕಡೆ ಗದ್ದೆಗಳಲ್ಲಿ ನಾಟಿ ನಡೆದಿತ್ತು. ನಾನು ಬಾಟಲಿಯನ್ನು ಎರಡೂ ಕೈಯಲ್ಲಿ ಹಿಡಿದು ಕೂತಿದ್ದೆ. ಪಕ್ಕದವರು ಏನ್ರೀ ಅದು ಎಂದು ಕೇಳಿದರು. ಬೇರು ಎಂದೆ. ಅವರು ಸ್ವಲ್ಪ ಆಚೆ ಸರಿದು ಕೂತರು.

ಹತ್ತೂವರೆಗೆ ಪರೀಕ್ಷೆ ಶುರುವಾಯಿತು. ದುರ್ಗಾದೇವಿ ತುದಿ ಕತ್ತರಿಸಿ, ಬಣ್ಣದ ಹನಿ ಹಾಕಿ, ಸ್ಪಿರಿಟ್ ದೀಪದ ಮೇಲೆ ಬೆಚ್ಚಗೆ ಮಾಡಿದಳು. ಮೇಲೆ ತೆಳುಗಾಜು ಇಟ್ಟು ಹೆಬ್ಬೆರಳು ತಂದಾಗ ನಾನು ಹತ್ತಿರ ಹೋಗಿ, "ಮೆಲ್ಲಕ ಒತ್ತಬೇಕಂತ, ಜುಬೇದಾಬೀ ಹೇಳ್ಯಾರ," ಎಂದೆ. ಅವಳ ಮುಖದ ಬಿಗಿ ಸಡಿಲವಾಯಿತು.

ಪರೀಕ್ಷಕರು ಅವಳ ಮೈಕ್ರೋಸ್ಕೋಪಿಗೆ ಬಗ್ಗಿದರು. ಬಗ್ಗಿದವರು ತಲೆ ಎತ್ತಲೇ ಇಲ್ಲ.

"ಏನಿದು?" ಎಂದರು ಕೊನೆಗೆ.

"ಅನಾಫೇಸ್ ಸರ್."

"ಅಂದ್ರ?"

ಇಂಗ್ಲಿಷಿನಲ್ಲಿ ಎರಡು ಪದ ಹೇಳಿ ತಡವರಿಸಿದಳು. ನನ್ನ ಕಡೆ ನೋಡಿದಳು. ನಿನ್ನ ಮಾತಿನಲ್ಲೇ ಹೇಳು ಎಂದೆ.

"ಶಾವಿಗಿ ಎಳಿ ಪಾಲು ಆಗಾಕತ್ತಾವ್ರೀ ಸರ್. ಮೊದಲ ಒಂದೊಂದನ್ನೂ ಎರಡೆರಡು ಮಾಡಿಟ್ಕೊಂಡಿದ್ವು. ಆಮ್ಯಾಲ ನಡುವ ಸಾಲಿಗೆ ನಿಂತ್ವು. ಈಗ ಜೋಡಿ ಬಿಟ್ಟು, ಒಂದು ಆ ಕಡಿ, ಒಂದು ಈ ಕಡಿ ಹೊಂಟಾವ. ಎರಡೂ ಮನಿಗೆ ಸಮಾ ಬರಬೇಕ್ರೀ. ಒಂದು ಹೆಚ್ಚು ಕಡಿಮಿ ಆದ್ರ ಕೋಶ ನೆಟ್ಟಗ ಇರಂಗಿಲ್ಲ."

ಪರೀಕ್ಷಕರು ಜೋರಾಗಿ ನಕ್ಕರು. "ಇಷ್ಟು ತಿಳಕೊಂಡು ಹೇಳೋರು ಸಿಗೋದಿಲ್ಲವ್ವಾ. ಹದಿನೈದಕ್ಕ ಹದಿನೈದು. ಯಾರು ಕಲಿಸ್ಯಾರ?"

ದುರ್ಗಾದೇವಿ ತಲೆ ತಗ್ಗಿಸಿದಳು. ಸರ್ ಬೇಸರ ಮಾಡಿಕೊಳ್ಳುತ್ತಾರೆಂದು ಹೆದರಿದ್ದಳು ಎಂದು ನನಗೆ ಗೊತ್ತು.

"ನಮ್ಮ ಅಟೆಂಡರ್ ಜುಬೇದಾಬೀ ಅಂತ," ಎಂದೆ ನಾನು. "ಬೇರೂ ಅವರದ, ಪಾಠಾನೂ ಅವರದ. ಎರಡು ವರ್ಷದಿಂದ ಹೆಸರು ಮಾತ್ರ ನಂದು ನಡೀತಿತ್ತು ಸರ್." ಹೇಳಿದ ಮೇಲೆ ಎದೆ ಎಷ್ಟು ಹಗುರಾಯಿತೆಂದರೆ, ಇದನ್ನು ಇಷ್ಟು ದಿನ ಯಾಕೆ ಹೊತ್ತುಕೊಂಡಿದ್ದೆನೋ ತಿಳಿಯಲಿಲ್ಲ.

ಸಂಜೆ ಮತ್ತೆ ಮಸ್ಕಿಗೆ ಇಳಿದೆ. ಈ ಸಲ ಮಾತನ್ನು ಬಸ್ಸಿನಲ್ಲೇ ಜೋಡಿಸಿಟ್ಟುಕೊಂಡಿದ್ದೆ. ಅವರ ಬಾಗಿಲಲ್ಲಿ ನಿಂತಾಗ ಅದರಲ್ಲಿ ಅರ್ಧ ಮರೆತುಹೋಯಿತು. "ಜುಬೇದಾಬೀ, ಹುಡುಗಿಗೆ ಹದಿನೈದಕ್ಕ ಹದಿನೈದು ಬಂದಾವ. ನಿಮ್ಮಿಂದ ಉಳಿದಾಳ. ನಾನೂ ಉಳಿದೀನಿ. ಎರಡು ವರ್ಷ ನಿಮಗೊಂದು ಮಾತು ಹೇಳ್ಲಿಲ್ಲ. ನಿಮ್ಮ ಉಪಕಾರ ದೊಡ್ಡದ್ರೀ," ಎಂದೆ. ಕಣ್ಣು ಒದ್ದೆಯಾಗಿತ್ತು, ಮುಚ್ಚಿಡಲು ಹೋಗಲಿಲ್ಲ.

ಅವರ ಕಣ್ಣೂ ತುಂಬಿತು. ಸೆರಗಿನಿಂದ ಒರೆಸಿಕೊಂಡು, "ಅದಿರ್ಲಿ, ಬಾಟ್ಲಿ ತಂದೀರೋ, ಇದನ್ನೂ ಒಗದೀರೋ?" ಎಂದರು.

ತಂದಿದ್ದೆ. ತೊಳೆದು, ಒರೆಸಿ, ಹೊಸ ಚೀಟಿ ಅಂಟಿಸಿ ತಂದಿದ್ದೆ. ಅವರು ಬಾಟಲಿಯನ್ನು ಬೆಳಕಿಗೆ ಹಿಡಿದು ಒಂದೊಂದೇ ಅಕ್ಷರ ಕೂಡಿಸಿ ಓದಿದರು: ‘ಬೆಳಿಗ್ಗೆ ಎಂಟರ ಬೇರು. ತಯಾರಿಸಿದವರು: ಜುಬೇದಾಬೀ. ಎಸೆಯಬಾರದು.’ ತಮ್ಮ ಹೆಸರಿನ ಹತ್ತಿರ ಬೆರಳು ಸ್ವಲ್ಪ ಹೊತ್ತು ನಿಂತಿತು.

"ಹೆಸರು ಯಾಕ ಹಾಕಿದ್ರಿ ಸರ್," ಎಂದು ನಾಚಿದರು. ಆಮೇಲೆ ತಮ್ಮ ಕೆಲಸದ ದನಿಗೆ ಮರಳಿ, "ಟೈಮ್ ಹಾಕಿದ್ದು ಚಲೋ ಆತು. ಮುಂದ ಬರೋರಿಗೆ ಗೊತ್ತಿರಬೇಕು," ಎಂದರು.

"ಇನ್ನ ಮ್ಯಾಲ ಪ್ರಾಕ್ಟಿಕಲ್ ದಿನ ನಾನೂ ಎಂಟಕ್ಕ ಬರ್ತೀನಿ. ಆರರ ಬಸ್ಸು ಐತಿ."

ಜುಬೇದಾಬೀ ನನ್ನನ್ನು ಮೇಲಿಂದ ಕೆಳಗೆ ನೋಡಿ, ಮಗಳಿಗೆ ಚಹಾ ಇಡಲು ಹೇಳಿದರು. ಜೋಳಿಗೆಯಲ್ಲಿ ಮಗು ಎದ್ದು ಅಳತೊಡಗಿತು. ಎತ್ತಿಕೊಳ್ಳಲು ನಾನು ಕೈ ಚಾಚಿದೆ.

"ಮೊದಲ ಕೈ ತೊಳಕೊಂಡು ಬರ್ರಿ ಸರ್," ಎಂದರು. "ಬೆರಳಿಗೆಲ್ಲ ಬಣ್ಣ ಹತ್ತೈತಿ."

ನಾನು ಬಚ್ಚಲಿಗೆ ಹೋಗಿ ಉಗುರಿನ ಸಂದಿಯ ಕೆಂಪನ್ನೂ ಬಿಡದೆ ತಿಕ್ಕಿ ತೊಳೆದು ಬಂದೆ. ಅವರು ಮಗುವನ್ನು ನನ್ನ ಕೈಗೆ ಕೊಟ್ಟರು.