ಎಂಬತ್ತಮೂರನೇ ಮೀಟರಿನ ಜೇಡಿ

ಪೈಪು ಹಿಡಿದು ತೊಳೆದುಬಿಟ್ಟಿದ್ದರು! ಸಮುದ್ರದ ತಳ ಕೊರೆದು ತೆಗೆದ ಕಲ್ಲಿನ ಕೋಲುಗಳು ಮರದ ಪೆಟ್ಟಿಗೆಗಳಲ್ಲಿ ಸಾಲಾಗಿ ಪಳಪಳ ಹೊಳೆಯುತ್ತಿದ್ದವು. ಎಂಬತ್ತಮೂರನೇ ಮೀಟರಿನ ಜಾಗ ಮಾತ್ರ ಅಂಗೈಯಗಲ ಖಾಲಿ. ಈ ಕಲ್ಲು ನೋಡಿ ವರದಿ ಬರೆಯಬೇಕಾದ ಭೂವಿಜ್ಞಾನಿ ನಾನು; ಮೈಯೆಲ್ಲ ಉರಿದುಹೋಯಿತು ನನಗೆ.

"ನೋಡೋಕೆ ದೊಡ್ಡೋರು ಬರ್ತಾರಲ್ಲಮ್ಮ, ಕೆಸರು ಮೆತ್ಕೊಂಡಿತ್ತು. ನಾನೇ ತೊಳೆಸಿದೆ," ಅಂದ ಮ್ಯಾನೇಜರು, ಮಹಾ ಉಪಕಾರ ಮಾಡಿದವನ ಹಾಗೆ.

ಕೆಸರಂತೆ! ಈ ಜಲಸಂಧಿ ಹುಟ್ಟಿದ್ದೇ ಆ ಕೆಸರಿನ ಜಾಗದಲ್ಲಿ. ಐವತ್ತು ಲಕ್ಷ ವರ್ಷದ ಹಿಂದೆ ಇಲ್ಲಿದ್ದದ್ದು ಒಂದೇ ನೆಲ. ಅದು ಸೀಳಿತು, ಒಂದು ಮಗ್ಗುಲು ಕುಸಿಯಿತು, ಸಮುದ್ರ ಒಳಗೆ ನುಗ್ಗಿತು. ಸೀಳಿನ ಎರಡು ಗೋಡೆಗಳು ಒಂದನ್ನೊಂದು ಉಜ್ಜಿ ಅರೆದ ಹಿಟ್ಟೇ ಆ ಬೂದು ಜೇಡಿ. ಅದರೊಳಗೆ ಬಣ್ಣ ಮಾಸದ ಚಿಪ್ಪಿನ ಚೂರುಗಳಿದ್ದವು, ಕೆಲವೇ ಸಾವಿರ ವರ್ಷದವು. ಅಂದರೆ ಸೀಳು ಸತ್ತಿಲ್ಲ, ಈಗಲೂ ಸರಿಯುತ್ತಿದೆ. ಈ ಕಂಪನಿಯವರಿಗೆ ಸಮುದ್ರದಡಿಯ ಸುರಂಗ ಬೇಕಾಗಿರುವುದು ಅದರ ಅಡ್ಡಕ್ಕೇ.

"ಜೇಡಿ ಇಲ್ಲ ಅಂದ್ಮೇಲೆ ಬಿರುಕೂ ಇಲ್ಲ. ವರದಿಗೆ ಸಹಿ ಹಾಕು," ಅಂದ ಮ್ಯಾನೇಜರು.

"ಕೊರೆದವರನ್ನ ಕೇಳಿ."

ಕೊರೆದವರು ನನ್ನ ಭಾವ, ಅಕ್ಕನ ಗಂಡ. ಸುರಂಗಕ್ಕೆ ಮೊದಲು ಇಳಿಯುವ ತಂಡದ ಮೇಸ್ತ್ರಿಯೂ ಅವರೇ. ಆ ಜೇಡಿಯನ್ನು ಬೆರಳಲ್ಲಿ ಹಿಸುಕಿ, "ಬೆಣ್ಣೆ ಇದ್ದಂಗಿದೆ ನೋಡು," ಅಂತ ನನಗೆ ತೋರಿಸಿದ್ದೂ ಅವರೇ. ಈಗ ಹೆಲ್ಮೆಟ್ಟನ್ನು ಕೈಯಲ್ಲಿ ತಿರುಗಿಸುತ್ತ ಅಂದರು, "ನೆನಪಿಲ್ಲ ಸಾರ್."

ಮ್ಯಾನೇಜರನ ಮೇಲಿದ್ದ ಸಿಟ್ಟೆಲ್ಲ ಭಾವನ ಕಡೆ ತಿರುಗಿತು.

"ಬಾಯಿಗೆ ಬೀಗ ಹಾಕ್ಕೊಂಡ್ರಾ ಭಾವ? ಅಲ್ಲಿ ಇಳಿಯೋದು ಇವರಲ್ಲ, ನೀವು! ಆ ನೆಲ ಒಂದು ಗೇಣು ಜಾರಿದ್ರೆ ಸಾಕು, ಸಮುದ್ರ ಪೂರ್ತಿ ನಿಮ್ಮ ತಲೆ ಮೇಲೆ."

"ಸುಮ್ನೆ ಹೆದರಿಸ್ಬೇಡಮ್ಮ," ಮ್ಯಾನೇಜರು ನಕ್ಕ. "ಅದಕ್ಕೆಲ್ಲ ಲಕ್ಷಾಂತರ ವರ್ಷ ಬೇಕು."

"ಇವತ್ತೂ ಆ ವರ್ಷಗಳಲ್ಲೇ ಒಂದು ದಿನ ಸಾರ್!" ಕಿರುಚಿದೆ.

ವರದಿ ಎಳೆದುಕೊಂಡು ಬರೆದೆ: "ಎಂಬತ್ತಮೂರನೇ ಮೀಟರಿನಲ್ಲಿ ಜೇಡಿ ಇತ್ತು. ಮ್ಯಾನೇಜರರ ಅಪ್ಪಣೆಯಂತೆ ಅದನ್ನು ತೊಳೆಯಲಾಗಿದೆ. ಮತ್ತೆ ಕೊರೆಯಬೇಕು." ನನ್ನ ಸಹಿ ಹಾಕಿ, ಕೊರೆದವರ ಸಹಿಯ ಜಾಗಕ್ಕೆ ಬೆರಳಿಟ್ಟು ಕಾಗದವನ್ನು ಭಾವನ ಮುಂದೆ ತಳ್ಳಿದೆ.

"ಯೋಚ್ನೆ ಮಾಡಪ್ಪ," ಅಂದ ಮ್ಯಾನೇಜರು. ಈಗ ಅವನ ಮುಖದಲ್ಲಿ ನಗು ಇರಲಿಲ್ಲ.

ಭಾವ ಪೆಟ್ಟಿಗೆಯ ಖಾಲಿ ಜಾಗವನ್ನೇ ನೋಡುತ್ತ ನಿಂತರು. ಆಮೇಲೆ ನನ್ನ ಕೈಯಿಂದ ಪೆನ್ನು ಕಿತ್ತುಕೊಂಡರು.

"ಕೆಲಸ ಹೋಯ್ತು ಅಂತ ನಿಮ್ಮಕ್ಕನಿಗೆ ನೀನೇ ಹೇಳ್ಬೇಕು."

"ಹೇಳ್ತೀನಿ. ಸುರಂಗದಿಂದ ಬರೋ ಇನ್ನೊಂದು ಸುದ್ದಿ ಹೇಳೋಕೆ ನನ್ನ ಕೈಲಿ ಆಗಲ್ಲ."

ಭಾವ ಕಾಗದ ಹರಿಯುವಷ್ಟು ಒತ್ತಿ ಸಹಿ ಹಾಕಿದರು.