ಬಿಷಪ್ಪರ ರಾಜೀನಾಮೆ, ಮೇಷ್ಟ್ರ ಮನವಿ

ಎಪ್ಪತ್ತೈದು ತುಂಬಿತೆಂಬ ಒಂದೇ ಕಾರಣಕ್ಕೆ ಸತ್ಪುರುಷನೊಬ್ಬನನ್ನು ಮನೆಗೆ ಕಳುಹಿಸುವುದು ಯಾವ ಸೀಮೆಯ ನ್ಯಾಯ? ಈ ಪ್ರಶ್ನೆಯನ್ನು ಶೇಷಾದ್ರಿ ಮೇಷ್ಟ್ರು ಆ ವಾರ ಹೆಂಡತಿ ಪ್ರೇಮಾಗೂ, ಹಾಲಿನವನಿಗೂ, ತಾವು ಅಧ್ಯಕ್ಷರಾಗಿದ್ದ ವಡೋದರದ ಕನ್ನಡ ಸಂಘದ ನಲವತ್ತೊಂದು ಸದಸ್ಯರಿಗೂ ಹಾಕಿದ್ದರು. ಹಾಲಿನವನಿಗೆ ಕನ್ನಡ ಬಾರದು, ಆದರೂ ತಲೆಯಾಡಿಸಿದ್ದ.

ಆ ಸತ್ಪುರುಷರು ಬಿಷಪ್ ಸಿಪ್ರಿಯನ್ ಮಥಾಯಸ್. ಕಿನ್ನಿಗೋಳಿಯ ಕಡೆಯವರು. ಇಪ್ಪತ್ತಾರನೆಯ ವಯಸ್ಸಿನಲ್ಲಿ ಒಂದು ಟ್ರಂಕು ಹಿಡಿದು ಗುಜರಾತಿಗೆ ಬಂದು, ದಭೋಯಿಯಾಚೆಯ ಹಳ್ಳಿಗಳಲ್ಲಿ ಸೈಕಲ್ಲು ತುಳಿದು, ಶಾಲೆ ಕಟ್ಟಿ, ಬಾವಿ ತೋಡಿಸಿ, ಕನಸನ್ನೂ ಗುಜರಾತಿಯಲ್ಲೇ ಕಾಣುವಷ್ಟು ಪಳಗಿ, ಕೊನೆಗೆ ಧರ್ಮಾಧ್ಯಕ್ಷರ ಪೀಠವೇರಿ ಹದಿನೇಳು ವರ್ಷಗಳಾಗಿದ್ದವು. ಪ್ರತಿ ಗುರುವಾರ ಬೆಳಿಗ್ಗೆ ಎಂಟಕ್ಕೆ ಅವರು ಅಲ್ಕಾಪುರಿಯಲ್ಲಿರುವ ಶಂಕರನಾರಾಯಣರ ಹೋಟೆಲಿಗೆ ಬರುವರು. ಬಿಷಪ್ಪರ ಉಂಗುರವನ್ನು ಬಿಚ್ಚಿ ಜೇಬಿಗೆ ಹಾಕಿಕೊಂಡು ಮಸಾಲೆ ದೋಸೆಗೆ ಕೈಹಾಕುವರು. ಎದುರಿಗೆ ಮೇಷ್ಟ್ರು. ದೇವರಿದ್ದಾನೆಯೇ ಎಂಬುದರಿಂದ ಹಿಡಿದು ಸಾಂಬಾರಿಗೆ ಬೆಲ್ಲ ಹಾಕಬಹುದೇ ಎಂಬುದರವರೆಗೆ, ಆ ಮೇಜಿನಲ್ಲಿ ಒಂಬತ್ತು ವರ್ಷಗಳಿಂದ ಅಚ್ಚಗನ್ನಡದ ಜಗಳ ನಡೆದಿತ್ತು. ಬಿಷಪ್ಪರು ಹೊರಟುಹೋದರೆ ಮೇಷ್ಟ್ರ ಗುರುವಾರಗಳಿಗೆ ಅರ್ಥವೇ ಇರುತ್ತಿರಲಿಲ್ಲ. ಇದನ್ನು ಅವರು ಯಾರಿಗೂ ಹೇಳಲಿಲ್ಲ. ನ್ಯಾಯ, ಅನ್ಯಾಯ ಎಂದಷ್ಟೇ ಹೇಳಿದರು. ಹೇಳಿ, ಪೋಪರಿಗೆ ಒಂದು ಮನವಿ ಬರೆದು, ಎಲ್ಲರ ಸಹಿ ಹಾಕಿಸಿದರು.

"ಅವರನ್ನೊಂದು ಮಾತು ಕೇಳಿದ್ರಾ?" ಎಂದರು ಪ್ರೇಮಾ.

"ಅನ್ಯಾಯಕ್ಕೆ ಒಳಗಾದೋರನ್ನ ಕೇಳೋದೇನಿದೆ?"

ಗುರುವಾರ ಬಿಷಪ್ಪರು ಕನ್ನಡಕ ಏರಿಸಿ ಮನವಿಯನ್ನು ಓದಿದರು. "ಅಕ್ಷರ ಭಾರೀ ಚಂದ ಉಂಟು ಮಾಸ್ಟ್ರೇ. ಆದ್ರೆ ಪೋಪರಿಗೆ ಕನ್ನಡ ಬರ್ತದಾ?"

"ಕಲೀಲಿ! ನೀವು ಗುಜರಾತಿ ಕಲೀಲಿಲ್ವೆ?"

"ನನ್ನನ್ನು ಯಾರೂ ಓಡಿಸಿದ್ದಲ್ಲ ಮಾರಾಯ್ರೆ. ಎಪ್ಪತ್ತೈದಾದ ಕೂಡಲೇ ಬಿಷಪ್ಪರೆಲ್ಲ ತಾವಾಗಿಯೇ ರಾಜೀನಾಮೆ ಬರೆದು ಕಳಿಸ್ಬೇಕು. ಒಪ್ಪುವುದು, ಬಿಡುವುದು ಪೋಪರಿಗೆ ಬಿಟ್ಟದ್ದು. ನಾನು ಸಂತೋಷದಲ್ಲೇ ಬರೆದೆ. ದಭೋಯಿ ಕಡೆ ನನ್ನ ಹಳೇ ಶಾಲೆ ಉಂಟು, ಮೂರನೇ ಕ್ಲಾಸಿಗೆ ಲೆಕ್ಕ ಹೇಳುವವರಿಲ್ಲ. ಅಲ್ಲಿಗೆ ಹೋಗ್ಬೇಕು ನನಗೆ. ಈ ಕಾಗದ ರೋಮಿಗೆ ಹೋದ್ರೆ, 'ಜನ ಬಿಡುವುದಿಲ್ಲ, ಅಲ್ಲೇ ಇರಿ' ಅಂತಾರೆ. ದಯವಿಟ್ಟು ಕಳಿಸ್ಬೇಡಿ."

"ಕರ್ತವ್ಯದಿಂದ ಜಾರಿಕೊಳ್ಳೋದು ಧರ್ಮಾಧ್ಯಕ್ಷರಿಗೆ ಶೋಭೆಯಲ್ಲ!"

"ನೀವು ಸಂಘದ ಅಧ್ಯಕ್ಷರಾಗಿ ಎಷ್ಟು ವರ್ಷ ಆಯ್ತು?"

"ಹತ್ತೊಂಬತ್ತು. ಏನ್ಮಾಡೋದು, ಬೇರೆ ಯಾರೂ ಮುಂದೆ ಬರೋದಿಲ್ಲ."

ಗಲ್ಲಾದಲ್ಲಿ ಕುಳಿತಿದ್ದ ಶಂಕರನಾರಾಯಣರು ಕೆಮ್ಮಿದರು. ಅವರು ಸಂಘದ ಉಪಾಧ್ಯಕ್ಷರು. ಅವರಿಗೂ ಹತ್ತೊಂಬತ್ತು ವರ್ಷಗಳಾಗಿದ್ದವು.

"ಕೆಮ್ಮಿಗೆ ಶುಂಠಿ ತಗೊಳ್ಳಿ," ಎಂದರು ಮೇಷ್ಟ್ರು, ಅತ್ತ ತಿರುಗದೆ.

"ನಿಮಗೀಗ ವಯಸ್ಸೆಷ್ಟು?" ಬಿಷಪ್ಪರು ಬಿಡಲಿಲ್ಲ.

"ಎಪ್ಪತ್ತಾರು."

"ಹಾಗಾದ್ರೆ ನಮ್ಮ ಕಾನೂನಿನಲ್ಲಿ ನೀವು ಒಂದು ವರ್ಷ ಲೇಟು."

ಮೇಷ್ಟ್ರ ಮುಖ ಕೆಂಪಾಯಿತು. ನಿಯಮವೆಂದ ಮೇಲೆ ಎಲ್ಲರಿಗೂ ಒಂದೇ ಎಂದು ಮೂವತ್ತನಾಲ್ಕು ವರ್ಷ ಮಕ್ಕಳಿಗೆ ಬೋಧಿಸಿದ ಗಣಿತದ ಮೇಷ್ಟ್ರು ಅವರು. ಮನವಿಯನ್ನು ಮಡಿಚಿ ಚೀಲಕ್ಕೆ ಸೇರಿಸಿ, ಅಲ್ಲೇ ಒಂದು ಹಾಳೆ ತರಿಸಿ, ಅಧ್ಯಕ್ಷ ಸ್ಥಾನಕ್ಕೆ ರಾಜೀನಾಮೆ ಬರೆದು, ಶಂಕರನಾರಾಯಣರ ಕೈಗಿತ್ತರು. ಸದಸ್ಯರು ಬಂದು ಅಂಗಲಾಚುವುದು ಖಂಡಿತವೆಂದು ನಂಬಿದ್ದರು. ಎರಡು ಸಲ ನಿರಾಕರಿಸಿ, ಮೂರನೆಯ ಸಲ ಸಂಘದ ಹಿತದೃಷ್ಟಿಯಿಂದ ಒಪ್ಪಿಕೊಳ್ಳುವುದೆಂದೂ ನಿಶ್ಚಯಿಸಿದ್ದರು.

ಭಾನುವಾರದ ಸಭೆ ಅದನ್ನು ನಾಲ್ಕೇ ನಿಮಿಷದಲ್ಲಿ ಸರ್ವಾನುಮತದಿಂದ ಅಂಗೀಕರಿಸಿತು. ಶಂಕರನಾರಾಯಣರು ಅಧ್ಯಕ್ಷರಾದರು. ಕೃತಜ್ಞತೆ ಎಂಬುದು ಈ ಲೋಕದಿಂದ ಎಂದೋ ಕಾಲ್ತೆಗೆದಿದೆ. ಆಮೇಲೆ ಕಡಲೆಹಿಟ್ಟಿನ ತಿಂಡಿ ಖಮಣ್ ಹಂಚಿದರು. ಎಲ್ಲರೂ ಎರಡೆರಡು ಸಲ ಹಾಕಿಸಿಕೊಂಡರೆಂಬುದು ಇನ್ನೂ ನೋವಿನ ಸಂಗತಿ.

ಎರಡು ತಿಂಗಳ ನಂತರ ಒಂದು ಗುರುವಾರ ಬಿಷಪ್ಪರು ಬಾಡಿದ ಮುಖದಲ್ಲಿ ಬಂದರು. ಉಂಗುರ ಬಿಚ್ಚಲಿಲ್ಲ. ರೋಮಿನ ಉತ್ತರವು ದೆಹಲಿಯಲ್ಲಿರುವ ಪೋಪರ ಪ್ರತಿನಿಧಿಯ ಮೂಲಕ ಬಂದಿತ್ತು: ಉತ್ತರಾಧಿಕಾರಿ ಸಿಗುವವರೆಗೂ ತಾವೇ ಮುಂದುವರಿಯತಕ್ಕದ್ದು.

"ಮಾಸ್ಟ್ರೇ, ಸತ್ಯ ಹೇಳಿ. ಆ ಕಾಗದ ಪೋಸ್ಟ್ ಮಾಡಿದ್ರಾ?"

ಮೇಷ್ಟ್ರು ಚೀಲದಿಂದ ಮನವಿಯನ್ನು ತೆಗೆದು ಮೇಜಿನ ಮೇಲಿಟ್ಟರು. ಅಂದು ಇದೇ ಮೇಜಿನಲ್ಲಿ ತಾಗಿದ್ದ ಚಟ್ನಿಯ ಕಲೆ ಒಂದು ಮೂಲೆಯಲ್ಲಿ ಹಾಗೆಯೇ ಇತ್ತು.

"ಬೇಡ ಅಂದಿರಲ್ಲ ನೀವು," ಎಂದರು. ಅನಂತರ, ಸುಳ್ಳಾಡಿ ಅಭ್ಯಾಸವಿಲ್ಲದ್ದರಿಂದ, "ಎರಡು ಸಲ ಅಂಚೆ ಡಬ್ಬದ ಬಾಯಿವರೆಗೂ ಹೋಗಿದ್ದೆ. ನನಗೆ ನೀವು ಇಲ್ಲೇ ಇರಬೇಕಿತ್ತು," ಎಂದರು.

ಬಿಷಪ್ಪರು ಮನವಿಯನ್ನು ಮಡಿಚಿ ಮೇಷ್ಟ್ರತ್ತ ಸರಿಸಿದರು. "ಕ್ಷಮಿಸಿ ಮಾಸ್ಟ್ರೇ, ಸಂಶಯಪಟ್ಟೆ."

"ತಪ್ಪೊಪ್ಪಿಗೆ ಕೇಳೋದು ನಿಮ್ಮ ಕೆಲಸ, ನನ್ನದಲ್ಲ. ದೋಸೆ ಆರ್ತಾ ಇದೆ."

ಬಿಷಪ್ಪರು ನಕ್ಕು, ಉಂಗುರ ಬಿಚ್ಚಿ ಜೇಬಿಗೆ ಹಾಕಿದರು. "ನಾನಂತೂ ಸಿಕ್ಕಿಬಿದ್ದೆ. ಆ ಮೂರನೇ ಕ್ಲಾಸಿಗೆ ಇನ್ನೂ ಲೆಕ್ಕದ ಮಾಸ್ಟ್ರು ಇಲ್ಲ. ನಿಮಗೂ ಈಗ ಸಂಘ ಇಲ್ಲವಲ್ಲ."

"ನನಗೆ ಎಪ್ಪತ್ತಾರು ಸ್ವಾಮಿ!"

"ನನ್ನ ಲೆಕ್ಕದಲ್ಲಿ ಅದು ಎಪ್ಪತ್ತೈದು ದಾಟಿದವರಿಗೇ ಇಟ್ಟ ಕೆಲಸ."

ಮೇಷ್ಟ್ರು ದೋಸೆಯ ತುದಿ ಮುರಿದು, ಮುರಿದದ್ದನ್ನು ತಿನ್ನದೆ, ದಭೋಯಿಗೆ ಬಸ್ಸು ಎಷ್ಟು ಹೊತ್ತಿಗೆಂದು ಶಂಕರನಾರಾಯಣರನ್ನು ಕೇಳಿದರು. ಬಳಿಕ ಬಿಷಪ್ಪರತ್ತ ತಿರುಗಿ, ಸಹಿ ಹಾಕುವ ಮುನ್ನ ಷರತ್ತು ವಿಧಿಸುವವರಂತೆ ಬೆರಳೆತ್ತಿದರು:

"ವಾರವೆಲ್ಲ ಹೋಗ್ತೀನಿ, ಗುರುವಾರ ಒಂದನ್ನ ಬಿಟ್ಟು."