ಮರಳುದಾರಿಯ ತಗ್ಗು

"ಕೋಲು ನೆಟ್ಟಗೆ ಹಿಡಿ ಅಕ್ಕಾ, ವಾಲ್ತಾ ಇದೆ," ಎಂದು ತಂಗಿ ಬಂಡೆಯ ಮೇಲಿನಿಂದ ಕೂಗಿದಳು. ಅಕ್ಕ ಅಳತೆಕೋಲನ್ನು ನೆಟ್ಟಗೆ ಮಾಡಿದಳು. ಭೂಮಾಪನ ಕಚೇರಿಯಲ್ಲಿ ತಂಗಿಗೆ ಕೋಲು ಹಿಡಿಯಲು ಕಲಿಸಿದವಳು ಇವಳೇ. ಈ ನಡುಗಡ್ಡೆಯ ನಕ್ಷೆ ತಾನು ಮಾಡುತ್ತೇನೆಂದು ವರ್ಷಗಟ್ಟಲೆ ಕೇಳಿಕೊಂಡವಳೂ ಇವಳೇ. ಸಾಹೇಬರು ಕೆಲಸವನ್ನು ತಂಗಿಗೆ ಕೊಟ್ಟು, ಬೇಕಾದರೆ ಸಹಾಯಕ್ಕೆ ಅಕ್ಕನನ್ನು ಕರೆದುಕೊಂಡು ಹೋಗು ಎಂದಿದ್ದರು. ಆ 'ಬೇಕಾದರೆ' ಎಂಬ ಮಾತು ಅಕ್ಕನ ಹೊಟ್ಟೆಯಲ್ಲಿ ಕೆಂಡದಂತೆ ಕೂತಿತ್ತು.

ನಡುಗಡ್ಡೆ ದೊಡ್ಡದೇನಲ್ಲ. ಪಡುವಣಕ್ಕೆ ಕರಿಬಂಡೆಗಳ ಸಾಲು, ನಡುವೆ ಕುರುಚಲು ಹುಲ್ಲಿನ ದಿಣ್ಣೆ, ಮೂಡಣಕ್ಕೆ ಚಿಪ್ಪು ತುಂಬಿದ ಕೆಸರು. ಮನೆಯಿಲ್ಲ, ಮರವಿಲ್ಲ, ಕುಡಿಯಲು ಹನಿ ನೀರಿಲ್ಲ. ಇಳಿತವಿದ್ದಾಗ ದಡದವರೆಗೆ ಮರಳಿನ ದಾರಿಯೊಂದು ಮೇಲೇಳುತ್ತದೆ, ಉಬ್ಬರಕ್ಕೆ ಮುಳುಗುತ್ತದೆ. ಆ ದಾರಿಯ ಮಧ್ಯೆ ಒಂದು ತಗ್ಗಿದೆ. ಸಮುದ್ರ ಇನ್ನೂ ದೂರವಿದೆ ಅಂದುಕೊಳ್ಳುವಷ್ಟರಲ್ಲಿ ನೀರು ಬೆನ್ನ ಹಿಂದಿನಿಂದ ಅಲ್ಲಿಗೆ ನುಗ್ಗುತ್ತದೆ. ರಜೆಯಲ್ಲಿ ಒಬ್ಬಳೇ ಬಂದು ಅಲೆದಿದ್ದ ಅಕ್ಕನಿಗೆ ಅದು ಗೊತ್ತಿತ್ತು. ಉಬ್ಬರಕ್ಕೆ ಇನ್ನೂ ಹೊತ್ತಿದೆ ಎಂದು ತಂಗಿ ಲೆಕ್ಕ ಹಾಕಿದಾಗ ಅವಳು ಹೂಂಗುಟ್ಟಿ ಸುಮ್ಮನಾಗಿದ್ದಳು.

ಈಗ ತಗ್ಗಿನಲ್ಲಿ ನೀರು ಮಿಂಚಿತು. ತಂಗಿಯ ಕಾಗದವೆಲ್ಲ ನೆನೆಯಲಿ, ಬರೆದದ್ದೆಲ್ಲ ಅಳಿಸಿಹೋಗಲಿ, ಸಾಹೇಬರೆದುರು ಅವಳು ತಲೆ ತಗ್ಗಿಸಿ ನಿಲ್ಲಲಿ. ಅಕ್ಕ ತುಟಿ ಹೊಲಿದವಳಂತೆ ನಿಂತಳು. ಬಂಡೆಯ ಮೇಲೆ ತಂಗಿ ಏನನ್ನೋ ಗುನುಗುತ್ತ ಅಳತೆಯ ಯಂತ್ರ ತಿರುಗಿಸುತ್ತಿದ್ದಳು. ನೋಡನೋಡುತ್ತ ನೀರು ಅಗಲವಾಯಿತು. ಆಗ ಅಕ್ಕನಿಗೆ ನೆನಪಾಯಿತು: ತಂಗಿಗೆ ಈಜು ಬಾರದು.

"ಎಲ್ಲಾ ದಿಣ್ಣೆ ಮೇಲಿಟ್ಟು ಓಡಿ ಬಾ, ಈಗ ದಾಟದಿದ್ರೆ ಮುಂದಿನ ಇಳಿತದವರೆಗೆ ಇಲ್ಲೇ ಸಿಕ್ಕಿಕೊಳ್ತೀವಿ," ಎಂದಳು.

ಇಬ್ಬರೂ ತಗ್ಗು ತಲುಪುವಷ್ಟರಲ್ಲಿ ನೀರು ಎದೆಮಟ್ಟವಾಗಿತ್ತು. ತಂಗಿ ಒಂದು ಹೆಜ್ಜೆಯಿಟ್ಟು ಕಾಲು ಜಾರಿ ಮುಳುಗಿದಳು. ಅಕ್ಕ ಅವಳ ಜಡೆ ಹಿಡಿದೆತ್ತಿ, ತೋಳಿಗೆ ತೋಳು ಬಿಗಿದು, ಬೈಯುತ್ತಲೇ ಆಚೆಗೆ ಎಳೆದೊಯ್ದಳು.

ದಡದಲ್ಲಿ ಕೆಮ್ಮಿ ಸುಧಾರಿಸಿಕೊಂಡ ಮೇಲೆ ತಂಗಿ ಕೇಳಿದಳು: "ನಿಂಗೆ ಮೊದ್ಲೇ ಗೊತ್ತಿತ್ತಲ್ವಾ?"

"ಗೊತ್ತಿತ್ತು."

ತಂಗಿ ಒದ್ದೆ ಜಡೆಯನ್ನು ಹಿಂಡಿದಳು. "ಒಂದು ಮಾತು ಕೇಳಿದ್ರೆ ಈ ನಕ್ಷೆ ನಿಂಗೇ ಬಿಟ್ಟುಕೊಡ್ತಿದ್ದೆ."

"ಅದಕ್ಕೇ ಕೇಳ್ಲಿಲ್ಲ," ಎಂದಳು ಅಕ್ಕ.

ತಂಗಿ ಎದ್ದು, ಸ್ವಲ್ಪ ದೂರ ಹೋಗಿ, ಬೆನ್ನು ಮಾಡಿ ಕೂತಳು. ಅಕ್ಕ ಒದ್ದೆ ತೋಳು ಮಡಚಿ ನೋಡಿಕೊಂಡಳು. ತಂಗಿಯ ಐದೂ ಉಗುರುಗಳು ಊರಿದ ಗುರುತು ಇನ್ನೂ ಕೆಂಪಗಿತ್ತು.